ಏಕಪಾತ್ರವೋ, ಏಕವ್ಯಕ್ತಿಯೋ? (ಪೋಸ್ಟರ್ ನಾಳೆಯೇ ಅಚ್ಚಿಗೆ)

> ಅಮೆರಿಕದ ನಟಿ ಲಿಲಿ ಟಾಮ್ಲಿನ್ ಒಬ್ಬರೇ ಹಲವು ಪಾತ್ರ ಮಾಡಿದ ಹಾಸ್ಯ ನಾಟಕದ ಸಿನಿಮಾವನ್ನು ಜಯನಗರದಲ್ಲಿ ತೋರಿಸುತ್ತಿದ್ದೇವೆ. 'ಏಕಪಾತ್ರಾಭಿನಯ' ಎಂದು ಹಾಕಬಹುದೇ? ನಾಳೆ ಬೆಳಗ್ಗೆ ಅಚ್ಚಿಗೆ ಕೊಡಬೇಕು.

>> 'ಹಲಪಾತ್ರದ ಒಬ್ಬಳಾಟ' ಎನ್ನಿ. ಏಕ, ವ್ಯಕ್ತಿ ಎಲ್ಲ ಸಂಸ್ಕೃತದ ಸಾಲ.

ಮೇಡಂ, 'ಏಕಪಾತ್ರಾಭಿನಯ' ಬೇಡವೇ ಬೇಡ. ಸ್ಕೂಲ್ ಡೇಯಲ್ಲಿ ಹುಡುಗ ರಟ್ಟಿನ ಗದೆ ಹಿಡಿದು ದುರ್ಯೋಧನನ ಮಾತು ಒಪ್ಪಿಸುತ್ತಾನಲ್ಲ, ಅದು. ಪಾತ್ರ ಒಂದೇ. ನಿಮ್ಮದರಲ್ಲಿ ಆಡುವವರು ಒಬ್ಬರು, ಪಾತ್ರ ಹತ್ತಾರು. ಹಾಗಾಗಿ 'ಏಕವ್ಯಕ್ತಿ'. ಮಂಟಪ ಪ್ರಭಾಕರ ಉಪಾಧ್ಯರ ಏಕವ್ಯಕ್ತಿ ಯಕ್ಷಗಾನದ ಹೆಸರು ಕೇಳಿದವರಿಗೆ ಅರ್ಥ ಬಿಡಿಸಿ ಹೇಳಬೇಕಿಲ್ಲ.

ಹಳೆಯ ಹೆಸರೇ ಬೇಕಿದ್ದರೆ 'ಭಾಣ' ಇದೆ, ಸಂಸ್ಕೃತ ನಾಟಕದ ಹತ್ತು ಬಗೆಗಳಾದ ದಶರೂಪಕಗಳಲ್ಲಿ ಒಂದು. ಒಬ್ಬನೇ ನಟ ಎದುರಿಗೆ ಇಲ್ಲದವರ ಜೊತೆ ಮಾತಿಗಿಳಿಯುತ್ತಾನೆ. "ಏನಂದೆ?" ಎಂದು ಕೇಳಿ, ಅವರ ಉತ್ತರವನ್ನೂ ತಾನೇ ಹೇಳುತ್ತಾನೆ. ಅದಕ್ಕೆ ಆಕಾಶಭಾಷಿತ ಅಂತ ಹೆಸರು. ಟಾಮ್ಲಿನ್ ಕೆಲಸಕ್ಕೆ ಇಷ್ಟು ಹತ್ತಿರದ ಪ್ರಕಾರ ನಮ್ಮಲ್ಲಿ ನನಗೆ ಇನ್ನೊಂದು ಕಾಣದು. ಆದರೆ ಪೋಸ್ಟರಿನಲ್ಲಿ ಹಾಕಿದರೆ 'ಬಾಣ' ತಪ್ಪಾಗಿ ಅಚ್ಚಾಗಿದೆ ಅನ್ನುತ್ತಾರೆ.

ಇನ್ನು 'ಹಲಪಾತ್ರ'. ಸ್ವಾಮಿ, ಸಂಸ್ಕೃತ ಬೇಡ ಎನ್ನುವ ನೀವು 'ಪಾತ್ರ'ವನ್ನು ಯಾವ ಹಿತ್ತಲಲ್ಲಿ ಬೆಳೆದಿರಿ? ಕನ್ನಡಕ್ಕೆ ಸಂಸ್ಕೃತ ಬೆಸೆದ ಅರಿಸಮಾಸ ಬೇರೆ! 'ಒಬ್ಬಳಾಟ' ಕೇಳಲು ಚೆನ್ನಾಗಿದೆ, ಬಯಲಾಟ, ದೊಡ್ಡಾಟಗಳ ಸಾಲಿನದು, ಒಪ್ಪಿದೆ. ಆದರೆ ಹಿರಿಯ ಕಲಾವಿದೆಯನ್ನು 'ಒಬ್ಬಳು' ಅನ್ನೋದಾ? 'ಒಬ್ಬರಾಟ' ಮಾಡಿದರೆ ಹೆಣ್ಣೋ ಗಂಡೋ ತಿಳಿಯದು. ಅಲ್ಲದೆ 'ಅವಳ ಆಟ ನಡೀತಿದೆ' ಅಂದರೆ ಬೇರೆಯೇ ಅರ್ಥ. ಧಾರಾವಾಹಿಯ ಅತ್ತೆಗೆ ಇಡಿ ಆ ಹೆಸರು. ಸಾಲ ಸಾಲ ಎಂದು ಹಾರಾಡುತ್ತೀರಲ್ಲ, ತೀರಿಸಿ ಅಂತ ಯಾರಾದರೂ ಬಾಗಿಲಿಗೆ ಬಂದಿದ್ದಾರಾ?

ಮೇಡಂ, ಇನ್ನೊಂದು. ನಾಟಕ ನ್ಯೂಯಾರ್ಕಿನ ರಂಗಕೇಂದ್ರ ಬ್ರಾಡ್‌ವೇಗೆ ಬಂದದ್ದು 1985ರಲ್ಲಿ, ಸಿನಿಮಾ 1991ರದ್ದು. ಅದರಲ್ಲಿ ವೇದಿಕೆಯ ಜೊತೆಗೆ ವೇಷ, ಸೆಟ್ಟುಗಳೂ ಬರುತ್ತವೆ. ಸುಮ್ನೆ ರೆಕಾರ್ಡಿಂಗ್ ಅಲ್ಲ. ದೊಡ್ಡ ಅಕ್ಷರದಲ್ಲಿ 'ಏಕವ್ಯಕ್ತಿ ಹಾಸ್ಯನಾಟಕ', ಕೆಳಗೆ 'ಸಿನಿಮಾ ರೂಪದಲ್ಲಿ' ಎಂದು ಹಾಕಿ. ಬರೆದವರು ಜೇನ್ ವ್ಯಾಗ್ನರ್, ಅವರ ಹೆಸರೂ ಇರಲಿ. ಒಬ್ಬರೇ ಆಡಿದ್ದನ್ನು ಅವರೇ ಬರೆದದ್ದು ಅಂದುಕೊಳ್ಳುವವರು ಜಾಸ್ತಿ.