ಸಹಾಯ ಬೇಕು: ಸುಬಾರು ಫಾರೆಸ್ಟರಾ, ಟೊಯೋಟಾ ರಾವ್4 ಹೈಬ್ರಿಡ್ಡಾ?

ಎಲ್ಲರಿಗೂ ನಮಸ್ಕಾರ. ಹೊಸ ಕಾರು ತೆಗೆದುಕೊಳ್ಳಬೇಕು. ಈ ಎರಡರಲ್ಲಿ ಯಾವುದು ಅಂತ ತೀರ್ಮಾನವೇ ಆಗುತ್ತಿಲ್ಲ. ಒಮ್ಮೆ ತೆಗೆದುಕೊಂಡರೆ 10 ವರ್ಷವಾದರೂ ಓಡಿಸುವವರು ನಾವು. ಕೆಸರು, ಕಡಿದಾದ ಏರು ಇರುವ ದಾರಿಯಲ್ಲೇ ಜಾಸ್ತಿ ಓಡಾಟ. ಹಾಗಾಗಿ ಆಲ್ ವೀಲ್ ಡ್ರೈವ್ (ನಾಲ್ಕೂ ಚಕ್ರಕ್ಕೆ ಶಕ್ತಿ ಹೋಗುವ ವ್ಯವಸ್ಥೆ) ಬೇಕೇ ಬೇಕು.

ಸುಬಾರುವಿನಲ್ಲಿ ಎಂಜಿನ್ ಶಕ್ತಿ ಯಾವಾಗಲೂ ನಾಲ್ಕೂ ಚಕ್ರಕ್ಕೆ ಹೋಗುತ್ತದೆ. ಇದು ನನಗೆ ತುಂಬಾ ಇಷ್ಟ. ಆದರೆ ನಾಲ್ಕೂ ಟಯರ್ ಹೆಚ್ಚುಕಮ್ಮಿ ಒಂದೇ ಸಮ ಸವೆದಿರಬೇಕು. ಒಂದು ಹರಿದುಹೋಯಿತು ಅಂತ ಅದೊಂದನ್ನೇ ಹೊಸದು ಹಾಕಿದರೆ ಸುತ್ತಳತೆ ಬೇರೆಯಾಗಿ, ಮುಂದಿನ-ಹಿಂದಿನ ಚಕ್ರಗಳಿಗೆ ಶಕ್ತಿ ಹಂಚುವ ಒಳಗಿನ ಕ್ಲಚ್ಚಿಗೆ ಪೆಟ್ಟು. ನಾಲ್ಕನ್ನೂ ಬದಲಿಸುವುದು ಸುಮ್ನೆ ಮಾತಲ್ಲ, ಅಲ್ವಾ?

ರಾವ್4 ಹೈಬ್ರಿಡ್ (ಪೆಟ್ರೋಲ್ ಎಂಜಿನ್ ಜೊತೆ ಎಲೆಕ್ಟ್ರಿಕ್ ಮೋಟರ್ ಕೂಡ ಇರುವ ಕಾರು) ಬೇರೆ ಥರ. ಎಂಜಿನ್ ಶಕ್ತಿಯನ್ನು ಮುಂದಿನಿಂದ ಹಿಂದಕ್ಕೆ ಒಯ್ಯುವ ಶಾಫ್ಟೇ ಇಲ್ಲ. ಹಿಂದಿನ ಚಕ್ರಗಳನ್ನು ತಿರುಗಿಸಲು ಪ್ರತ್ಯೇಕ ಎಲೆಕ್ಟ್ರಿಕ್ ಮೋಟರ್. ಬಾಳಿಕೆಯ ವಿಷಯ ಬಂದಾಗ ಮನಸ್ಸು ಟೊಯೋಟಾ ಕಡೆಗೇ ವಾಲುತ್ತದೆ. ಆದರೆ ಮುಂದಿನ ಎರಡೂ ಚಕ್ರ ಕೆಸರಿನಲ್ಲಿ ಹೂತಾಗ ಹಿಂದಿನ ಆ ಮೋಟರ್ ಮಾತ್ರವೇ ಗಾಡಿಯನ್ನು ಏರಿಗೆ ತಳ್ಳುತ್ತದೆಯೇ?

ಎರಡರಲ್ಲಿ ಯಾವುದನ್ನಾದರೂ ಲಕ್ಷ ಕಿಲೋಮೀಟರ್ ದಾಟಿಸಿದವರು ದಯವಿಟ್ಟು ಹೇಳಿ. ಸುಬಾರು ಇರುವವರು ಸಿವಿಟಿ (ಹಂತಗಳಿಲ್ಲದ ಆಟೋಮ್ಯಾಟಿಕ್) ಗೇರ್‌ಬಾಕ್ಸಿನ ಆಯಿಲ್ ಯಾವಾಗ ಬದಲಿಸಿದಿರಿ ಅನ್ನುವುದನ್ನೂ ತಿಳಿಸಿ. ಇದೇ ತಿಂಗಳು ಬುಕ್ ಮಾಡಬೇಕು.