ಮಕ್ಕಳ ನಾಟಕಕ್ಕೆ ಕಾಲಯಂತ್ರ: ಮಾಡಿಸಿದವರು ಹೇಳಿದ್ದು

ಕೇಳಿದವರು:
ನಮ್ಮ ಶಾಲೆಯ ಏಳನೇ ಕ್ಲಾಸಿನ ಮಕ್ಕಳಿಂದ ಎಚ್.ಜಿ. ವೆಲ್ಸ್ ಬರೆದ ‘ದಿ ಟೈಮ್ ಮೆಷಿನ್’ ಕತೆಯನ್ನು 40 ನಿಮಿಷದ ನಾಟಕವಾಗಿ ಆಡಿಸಬೇಕು ಅಂತಿದ್ದೇನೆ. ಯಂತ್ರ ಹೇಗಿರಬೇಕು, ಮಕ್ಕಳು ಅದನ್ನು ಯಾವುದಕ್ಕೆ ಬಳಸಬೇಕು, ಅಪಾಯವನ್ನು ಎಷ್ಟು ತೋರಿಸಬೇಕು, ಒಂದೂ ತೋಚುತ್ತಿಲ್ಲ. ಇಂಥದ್ದು ಮಾಡಿಸಿದವರು ಇದ್ದರೆ ದಯವಿಟ್ಟು ಹೇಳಿ.

ಶಿಬಿರ ನಡೆಸುವ ಒಬ್ಬರು:
ಮೇಡಂ, ಇದನ್ನೇ ನಾನು ಬೇಸಿಗೆ ಶಿಬಿರದಲ್ಲಿ ಎರಡು ಸಲ ಮಾಡಿಸಿದ್ದೇನೆ. ಮೊದಲ ಸಲ ಕೈಕೊಟ್ಟಿತು. ಯಂತ್ರ ಏನು ಬೇಕಾದರೂ ಮಾಡುತ್ತದೆ ಅಂತ ಬಿಟ್ಟಿದ್ದೆ. ಒಬ್ಬ ಪರೀಕ್ಷೆಯ ಹಿಂದಿನ ದಿನಕ್ಕೆ ಹೋದ, ಇನ್ನೊಬ್ಬ ಕ್ರಿಕೆಟ್ ಮ್ಯಾಚಿನ ಕೊನೇ ಓವರಿಗೆ ಹೋದ. ಏನು ಕೆಟ್ಟರೂ ಹಿಂದಕ್ಕೆ ಹೋಗಿ ಸರಿಮಾಡಿಕೊಂಡು ಬರುತ್ತಿದ್ದರು. ಹತ್ತು ನಿಮಿಷ ಆಗೋಷ್ಟರಲ್ಲಿ ಮುಂದಿನ ಸಾಲಿನ ಪುಟಾಣಿಗಳು ಎದ್ದು ನೀರು ಕುಡಿಯೋಕೆ ಹೊರಟರು. ಭಯವೇ ಇಲ್ಲ ಅಂದಮೇಲೆ ಯಾರು ಕೂತು ನೋಡುತ್ತಾರೆ?

ಎರಡನೇ ಸಲ ಪುಸ್ತಕವನ್ನು ಮತ್ತೆ ನಿಧಾನವಾಗಿ ಓದಿದೆ. 1895ರಲ್ಲಿ ಬಂದದ್ದು, ಆದರೆ ಯಂತ್ರದ ವಿಷಯದಲ್ಲಿ ವೆಲ್ಸ್ ಬಹಳ ಬಿಗಿ. ಕೂರೋಕೆ ಒಂದು ಸೀಟು, ಎರಡು ಲಿವರ್, ದಿನ ಎಣಿಸುವ ಮುಳ್ಳುಗಳು. ಕಾಲದಲ್ಲಿ ಮಾತ್ರ ಓಡುತ್ತದೆ, ಇದ್ದ ಜಾಗ ಬಿಟ್ಟು ಕದಲುವುದಿಲ್ಲ. ಲಂಡನ್ ಪಕ್ಕದ ರಿಚ್‌ಮಂಡ್‌ನಲ್ಲಿ ತನ್ನ ಮನೆಯಲ್ಲೇ ಯಂತ್ರ ಹತ್ತಿದ ಕತೆಯ ಪ್ರಯಾಣಿಕ 8,02,701ನೇ ಇಸವಿಯಲ್ಲಿ ಇಳಿಯುವುದೂ ಅದೇ ಜಾಗದಲ್ಲೇ. ಮನೆ ಮಾತ್ರ ಇಲ್ಲ. ಯಂತ್ರದ ಕೈಲಿ ಏನೇನು ಆಗುವುದಿಲ್ಲ ಅನ್ನೋದನ್ನು ನೀವೂ ಮೊದಲ ದಿನವೇ ಮಕ್ಕಳ ಜೊತೆ ಕೂತು ಬರೆದುಬಿಡಿ. ನನ್ನ ಮಟ್ಟಿಗೆ ನಾಟಕ ನಿಂತಿದ್ದೇ ಇದರ ಮೇಲೆ.

ಅಪಾಯವನ್ನು ಹೊರಗಿಂದ ತರಬೇಡಿ, ಪುಸ್ತಕದಲ್ಲೇ ಬೇಕಾದಷ್ಟಿದೆ. ಯಂತ್ರ ನಿಲ್ಲಿಸಿದ ಜಾಗದಲ್ಲಿ ಆಗ ಗೋಡೆಯೋ ಬಂಡೆಯೋ ಇದ್ದರೆ ಗತಿ ಏನು ಅಂತ ಅವನಿಗೆ ದಾರಿಯುದ್ದಕ್ಕೂ ಹೆದರಿಕೆ. ಔಷಧಿ ಇಲ್ಲ, ಆಯುಧ ಇಲ್ಲ, ಜೇಬಿನಲ್ಲಿ ಒಂದಿಷ್ಟು ಬೆಂಕಿಕಡ್ಡಿ ಅಷ್ಟೇ. ಇಳಿದ ತಕ್ಷಣ ಲಿವರ್‌ಗಳನ್ನು ಬಿಚ್ಚಿ ಜೇಬಿಗೆ ಹಾಕಿಕೊಳ್ಳುತ್ತಾನೆ, ಬೇರೆ ಯಾರೂ ಓಡಿಸಬಾರದು ಅಂತ. ಆದರೂ ಆ ಕಾಲದಲ್ಲಿ ನೆಲದಡಿ ಬದುಕುವ ಮಾರ್ಲಾಕರು ಅನ್ನೋ ಜನ ಯಂತ್ರವನ್ನೇ ಎಳೆದೊಯ್ದು ಒಂದು ದೊಡ್ಡ ಸ್ಫಿಂಕ್ಸ್ ಮೂರ್ತಿಯ ಪೀಠದೊಳಗೆ ಬಚ್ಚಿಡುತ್ತಾರೆ.

ನಮ್ಮ ಯಂತ್ರ ಒಂದು ಹಳೇ ಲೇಡೀಸ್ ಸೈಕಲ್. ಸ್ಟ್ಯಾಂಡ್ ಹಾಕಿ ನಿಲ್ಲಿಸಿದ್ದೆವು, ತುಳಿದರೆ ಹಿಂದಿನ ಚಕ್ರ ಸುಮ್ನೆ ತಿರುಗುತ್ತಿತ್ತು. ಹ್ಯಾಂಡಲ್‌ಗೆ ಕೆಟ್ಟುಹೋದ ಗೋಡೆ ಗಡಿಯಾರ ಕಟ್ಟಿದ್ದೆವು. ಲಿವರ್‌ಗೆ ಎರಡು ಹಿತ್ತಾಳೆ ಸೌಟು. ಒಂದು ದಿನ ಪ್ರಾಕ್ಟೀಸಿನಲ್ಲಿ ಮಾರ್ಲಾಕರಾಗಿದ್ದ ಮಕ್ಕಳು ಹೇಳದೆ ಕೇಳದೆ ಸೈಕಲ್ಲನ್ನೇ ಪಕ್ಕದ ರೂಮಿಗೆ ಸಾಗಿಸಿಬಿಟ್ಟರು. ಪ್ರಯಾಣಿಕನಾಗಿದ್ದ ಹುಡುಗ ವಾಪಸ್ ಬಂದು ನೋಡಿದ. ಕೈಯಲ್ಲಿ ಎರಡು ಸೌಟು, ಎದುರಿಗೆ ಖಾಲಿ ನೆಲ. ಸ್ವಲ್ಪ ಹೊತ್ತು ಮಾತೇ ಬರಲಿಲ್ಲ. ಆಮೇಲೆ ಸಣ್ಣ ದನಿಯಲ್ಲಿ, ‘ನಾನೀಗ ಮನೆಗೆ ಹೋಗೋದು ಹೆಂಗೆ?’ ಅಂದ. ನಾನು ಬರೆದ ಮಾತಲ್ಲ ಅದು. ಇಡೀ ನಾಟಕದಲ್ಲಿ ಅದಕ್ಕಿಂತ ಒಳ್ಳೆ ಮಾತಿಲ್ಲ ಅಂತ ಹಾಗೇ ಉಳಿಸಿಕೊಂಡೆವು.

ಇನ್ನೊಂದು ಮರೀಬೇಡಿ. ಪುಸ್ತಕದಲ್ಲಿ ಯಂತ್ರ ಹೊರಟಿದ್ದು ಕೋಣೆಯ ಒಂದು ಮೂಲೆಯಿಂದ, ವಾಪಸ್ ಬಂದು ನಿಲ್ಲುವುದು ಎದುರಿನ ಮೂಲೆಯಲ್ಲಿ. ಮಾರ್ಲಾಕರು ಎಳೆದೊಯ್ದಷ್ಟೇ ದೂರ! ರಂಗದ ಮೇಲೂ ಸೈಕಲ್ಲನ್ನು ಹಾಗೇ ಇಡಿ, ಏನೂ ವಿವರಿಸಬೇಡಿ. ನಮ್ಮಲ್ಲಿ ಆರನೇ ಕ್ಲಾಸಿನ ಒಬ್ಬಳು ನಾಟಕ ಮುಗಿದಮೇಲೆ ಓಡಿಬಂದು ಕಾರಣ ತಾನೇ ಹೇಳಿದಳು.

ಇನ್ನು ಬಳಕೆ. ‘ನಿಮಗೆ ಯಂತ್ರ ಸಿಕ್ಕರೆ ಎಲ್ಲಿಗೆ ಹೋಗ್ತೀರಿ?’ ಅಂತ ಒಂದು ಮಧ್ಯಾಹ್ನ ಕೇಳಿದ್ದೆ. ಜಾಸ್ತಿ ಜನ ಪ್ರಶ್ನೆಪತ್ರಿಕೆ ಅಂದರು. ಒಬ್ಬ ಹುಡುಗಿ, ‘ನಮ್ಮಜ್ಜಿ ತಂಬುಳಿ ಮಾಡೋವಾಗ ಪಕ್ಕದಲ್ಲಿ ಕೂತ್ಕೋತೀನಿ. ಎಷ್ಟು ಮೆಣಸು ಹಾಕ್ತಿದ್ರು ಅಂತ ಅಮ್ಮಂಗೆ ಗೊತ್ತಾಗ್ತಿಲ್ಲ’ ಅಂದಳು. ಅಜ್ಜಿ ಹೋಗಿ ಆರು ತಿಂಗಳಾಗಿತ್ತು. ಅಜ್ಜಿಯನ್ನು ಉಳಿಸಿಕೊಂಡು ಬರ್ತೀನಿ ಅಂತ ಅವಳು ಅನ್ನಲಿಲ್ಲ ನೋಡಿ. ನೋಡಿಕೊಂಡು ಬರುವುದು ಬೇರೆ, ತಿದ್ದಿ ಬರುವುದು ಬೇರೆ. ನಿಮ್ಮ ನಾಟಕದಲ್ಲಿ ಮೊದಲನೆಯದಕ್ಕೇ ಜಾಸ್ತಿ ಜಾಗ ಕೊಡಿ.

ಪುಸ್ತಕದಲ್ಲೂ ಪ್ರಯಾಣಿಕ ಆ ಕಾಲದಲ್ಲಿ ಸಿಕ್ಕ ಗೆಳತಿ ವೀನಾಳನ್ನು ಉಳಿಸಿಕೊಳ್ಳಲಾರ. (ಈ ಹೆಸರು ಕೇಳಿ ನಮ್ಮ ಮಕ್ಕಳು ನಮ್ಮೂರಿನ ವೀಣಾ ಅಂತಲೇ ತಿಳಿದು ಅವಳನ್ನು ಜಾಸ್ತಿ ಹಚ್ಚಿಕೊಂಡರು.) ಅವಳು ಜೇಬಿಗೆ ಹಾಕಿದ್ದ ಎರಡು ಬಿಳಿ ಹೂವು ಬಾಡಿಹೋಗಿ ಅವನ ಜೊತೆ ಬರುತ್ತವೆ. ಬೆಳಿಗ್ಗೆಯೇ ಎರಡು ನಂದಿಬಟ್ಟಲು ಕಿತ್ತು ಹುಡುಗನ ಜೇಬಿಗೆ ಹಾಕಿ. ಸಂಜೆ ಹೊತ್ತಿಗೆ ತಾವಾಗೇ ಬಾಡಿರುತ್ತವೆ.

ಹೈಸ್ಕೂಲ್ ವಿಜ್ಞಾನದ ಮೇಷ್ಟ್ರು:
ಮೇಲಿನವರು ಹೇಳಿದ್ದಕ್ಕೆ ಒಂದು ಸೇರಿಸುತ್ತೇನೆ. ‘ಭೂಮಿಯೇ ಓಡ್ತಿದೆಯಲ್ಲ ಸಾರ್, ಯಂತ್ರ ಇದ್ದಲ್ಲೇ ಇರೋದು ಹೇಗೆ?’ ಅಂತ ನನ್ನನ್ನು ಮಕ್ಕಳು ಪ್ರತಿ ವರ್ಷ ಕೇಳುತ್ತಾರೆ. ಒಳ್ಳೆ ಪ್ರಶ್ನೆ. ಭೂಮಿ ಸೂರ್ಯನ ಸುತ್ತ ಸೆಕೆಂಡಿಗೆ ಸುಮಾರು 30 ಕಿಲೋಮೀಟರ್ ಓಡುತ್ತದೆ. ವೆಲ್ಸ್ ಯಂತ್ರ ಭೂಮಿಗೆ ಅಂಟಿಕೊಂಡೇ ಇರುತ್ತದೆ ಅಂತ ಕತೆಯ ಒಪ್ಪಂದ, ಅಷ್ಟು ಹೇಳಿದರೆ ಒಪ್ಪುತ್ತಾರೆ. ‘ನಿಜವಾಗ್ಲೂ ಆಗುತ್ತಾ?’ ಅಂದರೆ ಜಿಪಿಎಸ್ ಉಪಗ್ರಹದ ವಿಷಯ ಹೇಳಿ. ಅದರೊಳಗಿನ ಗಡಿಯಾರ ನಮ್ಮದಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಹೋಗುತ್ತದೆ, ಅದನ್ನು ಸರಿದೂಗಿಸದೆ ಫೋನಿನ ಮ್ಯಾಪ್ ನಡೆಯುವುದಿಲ್ಲ. ಕಾಲ ಎಲ್ಲ ಕಡೆ ಒಂದೇ ವೇಗದಲ್ಲಿ ಓಡಲ್ಲ ಅಂತ ಗೊತ್ತಾದಾಗ ಅವರ ಮುಖ ನೋಡಬೇಕು ನೀವು. ಹಿಂದಕ್ಕೆ ಹೋಗೋ ದಾರಿ ಮಾತ್ರ ಇನ್ನೂ ಯಾರಿಗೂ ಸಿಕ್ಕಿಲ್ಲ.

ಒಬ್ಬ ತಾಯಿ:
ದಯವಿಟ್ಟು ಲೈಟನ್ನು ಪಟಪಟ ಹಚ್ಚಿ ಆರಿಸಬೇಡಿ. ಹಗಲು ರಾತ್ರಿ ಓಡೋದು ತೋರಿಸೋಕೆ ಒಂದು ನಾಟಕದಲ್ಲಿ ಹಾಗೆ ಮಾಡಿದ್ದರು. ನನ್ನ ಮಗನಿಗೆ ಫಿಟ್ಸ್ ಇದೆ, ಅಲ್ಲೇ ಬಂತು. ಹಿಂದಿನಿಂದ ಅವನನ್ನು ಎತ್ತಿಕೊಂಡು ಹೊರಗೆ ಬರೋದು ಎಷ್ಟು ಕಷ್ಟ ಆಯ್ತು ಅಂತ ಹೇಳಲಾರೆ. ಮುಂದಿನ ಸಲ ನಾನೇ ಹೋಗಿ ಕೇಳಿಕೊಂಡೆ. ಒಂದು ಹಳದಿ ಸೀರೆ, ಒಂದು ಕಪ್ಪು ಸೀರೆ ಕೊಟ್ಟೆ. ನಾಲ್ಕು ಮಕ್ಕಳು ಹಿಡಿದುಕೊಂಡು ಯಂತ್ರದ ಮೇಲೆ ಒಂದಾದಮೇಲೊಂದು ಹಾರಿಸಿದರು, ಮೊದಲು ನಿಧಾನ, ಆಮೇಲೆ ಜೋರು. ಮಗ ಮುಂದಿನ ಸಾಲಿನಲ್ಲೇ ಕೂತು ಪೂರ್ತಿ ನೋಡಿದ. ಸೀರೆ ಬೇಕಿದ್ದರೆ ಹೇಳಿ ಮೇಡಂ, ಕಳಿಸಿಕೊಡುತ್ತೇನೆ.