ಸೈಟಲ್ಲಿ 84, ರಿಪೋರ್ಟಲ್ಲಿ 85, ಹೆಂಗೆ?

ಹವಾಮಾನದ ಮೇಲೆ ಬೆಟ್ ಕಟ್ಟೋ ಮಾರ್ಕೆಟಲ್ಲಿ ನ್ಯೂಯಾರ್ಕ್ ಗರಿಷ್ಠ ತಾಪಮಾನ 83-84 ಡಿಗ್ರಿ ಫ್ಯಾರನ್‌ಹೀಟ್ ಅಂತ ಕಟ್ಟಿದ್ದೆ, ಇಡೀ ದಿನ ಸೈಟಲ್ಲಿ ಐದೈದು ನಿಮಿಷದ ರೀಡಿಂಗ್ ನೋಡ್ತಾನೇ ಇದ್ದೆ, 84 ದಾಟಲೇ ಇಲ್ಲ, ಆದ್ರೂ ದಿನದ ರಿಪೋರ್ಟಲ್ಲಿ 85 ಅಂತ ಬಂದು, ಬೆಟ್ ಅದರ ಮೇಲೇ ಸೆಟ್ಲ್ ಆಗಿ ದುಡ್ಡು ಹೋಯ್ತು. ಎಲ್ಲಿ ಎಡವಿದೆ?

ಉತ್ತರ 1: ಆ ರೀಡಿಂಗ್ ನಂಬ್ಬೇಡಿ ಗುರೂ. ಅದನ್ನ ಮೊದ್ಲು ಪೂರ್ಣ ಸೆಲ್ಸಿಯಸ್‌ಗೆ ರೌಂಡ್ ಮಾಡಿ ಆಮೇಲೆ ಫ್ಯಾರನ್‌ಹೀಟ್‌ಗೆ ತಿರುಗಿಸ್ತಾರೆ. 29 ಡಿಗ್ರಿ ಸೆಲ್ಸಿಯಸ್ ಅಂದ್ರೆ 84 ಅಂತ ಕಾಣತ್ತೆ, ನಿಜವಾಗಿ 84, 85 ಯಾವ್ದಾದ್ರೂ ಇರ್ಬಹುದು. ಸೆಟ್ಲ್ ಆಗೋದು ಯಾವ ಸ್ಟೇಷನ್, ಯಾವ ರಿಪೋರ್ಟ್ ಮೇಲೆ ಅಂತ ರೂಲ್ಸಲ್ಲಿ ಮೊದ್ಲು ಓದಿ.

ಉತ್ತರ 2: ಇನ್ನೊಂದು, ನ್ಯಾಷನಲ್ ವೆದರ್ ಸರ್ವೀಸ್ (ಅಮೆರಿಕದ ಸರ್ಕಾರಿ ಹವಾಮಾನ ಇಲಾಖೆ) ದಿನದ ರಿಪೋರ್ಟ್ ವರ್ಷವಿಡೀ ಸ್ಟ್ಯಾಂಡರ್ಡ್ ಟೈಮಲ್ಲೇ, ಗಡಿಯಾರ ಮುಂದಿಟ್ಟಿರೋ ತಿಂಗಳುಗಳಲ್ಲಿ ದಿನ ಶುರುವಾಗೋದೇ ರಾತ್ರಿ 1ಕ್ಕೆ. ರಾತ್ರಿ 12:30ರ ಸೆಕೆ ಹಿಂದಿನ ದಿನದ ಲೆಕ್ಕಕ್ಕೆ.

ಪ್ರಶ್ನೆ ಕೇಳಿದವರು: ಅಯ್ಯೋ, ರೌಂಡಿಂಗ್ ವಿಷ್ಯ ಗೊತ್ತೇ ಇರ್ಲಿಲ್ಲ, ಥ್ಯಾಂಕ್ಸ್ ಇಬ್ರಿಗೂ.